ತೆರಿಗೆ ಕಟ್ಟಲು ಬಿಡಿ, ಸ್ವಾಮಿ!

ಮುದ್ರಾಂಕ ಶುಲ್ಕದ ಚರಿತ್ರೆಯಲ್ಲಿ ಎರಡು ದಂಗೆಗಳನ್ನು ದಾಖಲಿಸಲೇಬೇಕು. ಮೊದಲನೆಯದು 1765ರ ಬಾಸ್ಟನ್ನಿನದು. ಅಮೆರಿಕದ ವಸಾಹತುಗಳಲ್ಲಿ ಕರಾರುಪತ್ರ, ಸುದ್ದಿಪತ್ರಿಕೆ, ಕೊನೆಗೆ ಇಸ್ಪೀಟು ಕಟ್ಟಿಗೂ ಸರ್ಕಾರಿ ಮುದ್ರೆ ಬೀಳಬೇಕು, ಮುದ್ರೆಗೆ ದುಡ್ಡು ಬೀಳಬೇಕು ಎಂದು ಲಂಡನ್ನಿನ ಸಂಸತ್ತು ಕಾಯ್ದೆ ಮಾಡಿತು. ರೊಚ್ಚಿಗೆದ್ದ ಜನ ಸ್ಟ್ಯಾಂಪು ಹಂಚಬೇಕಾಗಿದ್ದ ಅಧಿಕಾರಿಯ ಪ್ರತಿಕೃತಿಯನ್ನು ಮರಕ್ಕೆ ನೇತುಹಾಕಿದರು. ಮರುವರ್ಷ ಕಾಯ್ದೆ ರದ್ದಾಯಿತು. ಇನ್ನೊಂದು ಹತ್ತು ವರ್ಷಕ್ಕೆ ದೇಶವೇ ಬ್ರಿಟಿಷರ ಕೈಬಿಟ್ಟು ಹೋಯಿತು.

ಎರಡನೆಯದು ದೆಹಲಿಯ ಮಗ್ಗುಲಿನ ನೋಯ್ಡಾ ಸೀಮೆಯದು. 2023ರಲ್ಲಿ ಗ್ರೇಟರ್ ನೋಯ್ಡಾ ವೆಸ್ಟ್‌ನ ಏಕ್ ಮೂರ್ತಿ ಚೌಕದಲ್ಲಿ ತಿಂಗಳುಗಟ್ಟಲೆ, ಭಾನುವಾರ ಬಂತೆಂದರೆ ಸಾಕು, ಸಂಸಾರಸ್ಥರು ಫಲಕ ಹಿಡಿದು ನಿಲ್ಲುತ್ತಿದ್ದರು. ಅವರ ಬೇಡಿಕೆಯನ್ನು ಬಾಸ್ಟನ್ನಿನವರು ಕೇಳಿದ್ದರೆ ಇವರಿಗೆಲ್ಲ ತಲೆ ಕೆಟ್ಟಿದೆ ಎನ್ನುತ್ತಿದ್ದರು: ದಯವಿಟ್ಟು ನಮ್ಮಿಂದ ಮುದ್ರಾಂಕ ಶುಲ್ಕ ವಸೂಲಿ ಮಾಡಿ, ನಮ್ಮ ಮನೆಯನ್ನು ನಮ್ಮ ಹೆಸರಿಗೆ ನೋಂದಣಿ ಮಾಡಿಕೊಡಿ! ಚುನಾವಣೆ ಬಂದಾಗ ಸೊಸೈಟಿಗಳ ಗೇಟಿನ ಮೇಲೆ ‘ರಿಜಿಸ್ಟ್ರಿ ಇಲ್ಲ ಅಂದ್ರೆ ವೋಟೂ ಇಲ್ಲ’ ಎಂಬ ಬ್ಯಾನರು ಏರಿತು. ತೆರಿಗೆ ಇಳಿಸಿ ಎಂದು ಬೀದಿಗಿಳಿದವರನ್ನು ಈ ದೇಶ ಬೇಕಾದಷ್ಟು ಕಂಡಿದೆ. ತೆರಿಗೆ ತಗೊಳ್ಳಿ ಎಂದು ಬೀದಿಗಿಳಿದವರನ್ನು ಕಾಣಿಸಿದ ಕೀರ್ತಿ ಉತ್ತರ ಪ್ರದೇಶಕ್ಕೇ ಸಲ್ಲಬೇಕು.

ಬೇಡವೆನ್ನುವ ಸರ್ಕಾರವಾದರೂ ಯಾವುದು? ದುಡ್ಡು ಕಂಡರೆ ಮುಖ ತಿರುಗಿಸುವ ಸರ್ಕಾರ ಭೂಮಿಯ ಮೇಲೆ ಇನ್ನೂ ಹುಟ್ಟಿಲ್ಲ. ಹಾಗಾದರೆ ಇಲ್ಲಿ ಏನಾಗಿದೆ ಎಂದು ತಿಳಿಯಲು ಊರಿನ ಜಾತಕವನ್ನೇ ಸ್ವಲ್ಪ ಬಿಡಿಸಬೇಕು.

ನೋಯ್ಡಾ ಹುಟ್ಟಿದ್ದು 1976ರ ಏಪ್ರಿಲ್ 17ರಂದು, ತುರ್ತು ಪರಿಸ್ಥಿತಿಯ ನಟ್ಟನಡುವೆ. ಹೆಸರನ್ನು ಬಿಡಿಸಿದರೆ ಅದರಲ್ಲಿ ಕೈಗಾರಿಕೆ ಇದೆ; ಬೆಳೆದದ್ದು ಮಾತ್ರ ಇಪ್ಪತ್ತು ಮೂವತ್ತು ಮಹಡಿಯ ಫ್ಲ್ಯಾಟುಗಳು. ಇಲ್ಲಿನ ನೆಲ ಯಾರಿಗೂ ಪೂರ್ತಿ ಸ್ವಂತವಲ್ಲ. ಸರ್ಕಾರದ ಅಭಿವೃದ್ಧಿ ಪ್ರಾಧಿಕಾರ ರೈತರಿಂದ ಜಮೀನು ಪಡೆದು ಬಿಲ್ಡರಿಗೆ 90 ವರ್ಷದ ಗುತ್ತಿಗೆಗೆ ಕೊಡುತ್ತದೆ. ಬಿಲ್ಡರು ಮನೆ ಕಟ್ಟಿ ಮಾರುತ್ತಾನೆ. ನಮ್ಮ ಕಡೆ ಮಾರುವವನೂ ಕೊಳ್ಳುವವನೂ ಸಬ್ ರಿಜಿಸ್ಟ್ರಾರ್ ಮುಂದೆ ಹೆಬ್ಬೆಟ್ಟು ಒತ್ತಿದರೆ ಕ್ರಯ ಮುಗಿಯಿತು. ಇಲ್ಲಿ ಪ್ರಾಧಿಕಾರ, ಬಿಲ್ಡರು, ಗಿರಾಕಿ ಮೂವರೂ ಸೇರಿ ಉಪಗುತ್ತಿಗೆ ಪತ್ರಕ್ಕೆ ಸಹಿ ಹಾಕಬೇಕು. ಮೂವರಲ್ಲಿ ಒಬ್ಬ ಪೆನ್ನು ಎತ್ತದಿದ್ದರೂ ಪತ್ರವಿಲ್ಲ. ಪೆನ್ನು ಎತ್ತದೆ ಕೂತದ್ದು ಪ್ರಾಧಿಕಾರ. ಬಿಲ್ಡರು ನಮ್ಮ ಜಮೀನಿನ ಬಾಕಿ ಕೊಟ್ಟಿಲ್ಲ, ಕೊಡುವ ತನಕ ಓಸಿ (ಸ್ವಾಧೀನಾನುಭವ ಪತ್ರ) ಇಲ್ಲ, ರಿಜಿಸ್ಟ್ರಿಯೂ ಇಲ್ಲ ಎಂದು.

ನೀವು ಬಸ್ಸು ಹತ್ತಿ ಕಂಡಕ್ಟರನ ಕೈಗೆ ಪೂರ್ತಿ ಚಾರ್ಜು ಕೊಟ್ಟಿದ್ದೀರಿ. ಆತ ಅದನ್ನು ಡಿಪೋಗೆ ಕಟ್ಟಿಲ್ಲ. ಆದ್ದರಿಂದ ಡಿಪೋದವರು ನಿಮಗೆ ಟಿಕೆಟ್ ಕೊಡುವುದಿಲ್ಲ. ದಾರಿಯಲ್ಲಿ ಹತ್ತಿದ ಚೆಕಿಂಗ್‌ನವನು ಟಿಕೆಟ್ ಎಲ್ಲಿ ಎಂದು ನಿಮ್ಮನ್ನೇ ಗದರುತ್ತಾನೆ. ಕಂಡಕ್ಟರು ಮಾತ್ರ ಮುಂದಿನ ಬಸ್ಸಿಗೆ ಡ್ಯೂಟಿ ಬದಲಿಸಿಕೊಂಡು ಅಲ್ಲೂ ಚಾರ್ಜು ವಸೂಲಿ ಮಾಡುತ್ತಿದ್ದಾನೆ. ನೋಯ್ಡಾದ ರಿಜಿಸ್ಟ್ರಿ ಸಮಸ್ಯೆ ಎಂದರೆ ಇಷ್ಟೇ.

ಬಿಲ್ಡರಿಗೆ ಅಷ್ಟು ಬಾಕಿ ಬಿಟ್ಟವರು ಯಾರು? ಅದೂ ಪ್ರಾಧಿಕಾರವೇ. ಗುಂಪು ವಸತಿಗೆ ಸಾವಿರಾರು ಚದರ ಮೀಟರು ಜಮೀನು ಬೇಕೇ? ಶೇ 10 ಇಡಿ, ಉಳಿದದ್ದು ವರ್ಷಗಟ್ಟಲೆ ಕಂತಿನಲ್ಲಿ ಕೊಡಿ ಎಂಬ ಔದಾರ್ಯ ಇಲ್ಲಿ ನಡೆದಿತ್ತು. ಬಿಲ್ಡರು ಒಂದು ಜಮೀನಿಗೆ ಹತ್ತರಷ್ಟು ಇಟ್ಟು, ಗಿರಾಕಿಗಳಿಂದ ತೊಂಬತ್ತು ತೊಂಬತ್ತೈದರಷ್ಟು ಎತ್ತಿ, ಆ ದುಡ್ಡಲ್ಲಿ ಇನ್ನೊಂದು ಜಮೀನಿಗೆ ಹತ್ತರಷ್ಟು ಇಟ್ಟ. ಯಾರದೋ ದುಡ್ಡು, ಎಲ್ಲಮ್ಮನ ಜಾತ್ರೆ. 2021ರ ಡಿಸೆಂಬರಿನಲ್ಲಿ ಲಖನೌ ವಿಧಾನಸಭೆಯ ಮುಂದೆ ಬಂದ ಸಿಎಜಿ ವರದಿ ನೋಯ್ಡಾದ 113 ಗುಂಪು ವಸತಿ ಯೋಜನೆಗಳನ್ನು ಲೆಕ್ಕ ಹಾಕಿ, 71 ಯೋಜನೆಗಳು ಮುಗಿದಿಲ್ಲ ಅಥವಾ ಅರೆಬರೆ ಮುಗಿದಿವೆ ಎಂದಿತು. ಹತ್ತರಷ್ಟು ಕೊಟ್ಟವನಿಗೆ ಜಮೀನು ಸಿಕ್ಕಿತು; ನೂರರಷ್ಟು ಕೊಟ್ಟವನಿಗೆ ‘ಪೊಸೆಷನ್ ಲೆಟರ್’ ಎಂಬ ಕಾಗದ ಸಿಕ್ಕಿತು.

ಈ ಕಾಗದವನ್ನು ಹಿಡಿದು ಹೊಸ ಮನೆಯಲ್ಲಿ ಹಾಲುಕ್ಕಿಸಿದ ಕನ್ನಡಿಗರೂ ಇದ್ದಾರೆ. ಮಂಡ್ಯದ ಕಡೆಯಿಂದ ಬಂದು ಇಲ್ಲಿನ ಕಂಪನಿಯೊಂದರಲ್ಲಿ ಕೂತಿರುವ ಗೌಡರೊಬ್ಬರನ್ನು ಊಹಿಸಿಕೊಳ್ಳಿ. ಊರಿನಿಂದ ಅಪ್ಪ ಫೋನು ಮಾಡುತ್ತಾರೆ.

“ಕ್ರಯ ಆಯ್ತೇನ್ಲಾ ಮಗ?”

“ಪೊಸೆಷನ್ ಆಗದೆ ಅಪ್ಪಾಜಿ. ರಿಜಿಸ್ಟ್ರಿ ಆಗ್ಬೇಕು.”

“ರಿಜಿಸ್ಟ್ರಾಗ್ದೆ ಹೆಂಗ್ಲಾ ಮನೆ ಹೊಕ್ಕೆ? ದುಡ್ಡು ಕೊಟ್ಯಾ?”

“ಪೂರ್ತಿ ಕೊಟ್ಟಿದ್ದೀನಿ.”

“ಪೂರ್ತಿ ಕೊಟ್ಯಾ!” ಎಂದು ಅಪ್ಪ ಫೋನನ್ನು ಅವ್ವನ ಕೈಗೆ ಕೊಟ್ಟುಬಿಡುತ್ತಾರೆ. ಎರಡು ಗುಂಟೆಗೂ ಇಸಿ ತೆಗೆಸಿ, ಪಹಣಿ ನೋಡಿ, ಪತ್ರ ಬರಹಗಾರನಿಂದ ಎರಡು ಸಲ ಓದಿಸಿ, ಸಬ್ ರಿಜಿಸ್ಟ್ರಾರ್ ಕಚೇರಿಯ ಜಗಲಿಯಲ್ಲೇ ಕಡೇ ಕಂತು ಎಣಿಸುವ ಮನುಷ್ಯನಿಗೆ, ಎಂಜಿನಿಯರಿಂಗ್ ಓದಿದ ಮಗ ಪತ್ರವಿಲ್ಲದೆ ಎಂಬತ್ತು ಲಕ್ಷ ಕೊಟ್ಟನೆಂದು ಹಟ್ಟಿಯಲ್ಲಿ ಹೇಳಿಕೊಳ್ಳಲು ನಾಚಿಕೆ.

ಆದರೆ ಮಗನನ್ನು ಸರ್ಕಾರ ಏನೂ ಕೈಬಿಟ್ಟಿಲ್ಲ. ಆ ಫ್ಲ್ಯಾಟಿನ ವಿಳಾಸಕ್ಕೆ ಆಧಾರ್ ಬಂದಿದೆ, ಮತದಾರರ ಚೀಟಿ ಬಂದಿದೆ. ಬ್ಯಾಂಕು ಆ ಮನೆಯನ್ನೇ ನಂಬಿ ಸಾಲ ಕೊಟ್ಟು ತಿಂಗಳ ಐದನೇ ತಾರೀಕು ಕಂತು ಹಿಡಿಯುತ್ತದೆ. ಹತ್ತು ಕಡೆ ಆತ ಆ ಮನೆಯ ಯಜಮಾನ. ಒಂದು ಕಡೆ ಮಾತ್ರ ಅಲ್ಲ. ಆ ಒಂದು ಕಡೆಯೇ ಕಾನೂನು. 2011ರ ಅಕ್ಟೋಬರಿನಲ್ಲಿ ಸೂರಜ್ ಲ್ಯಾಂಪ್ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು ಬಿಡಿಸಿ ಹೇಳಿದೆ: ಜಿಪಿಎ, ಕರಾರು, ವಿಲ್ಲುಗಳ ಕಟ್ಟಿನಿಂದ ಯಾರೂ ಮಾಲೀಕರಾಗುವುದಿಲ್ಲ, ಸ್ಟ್ಯಾಂಪು ಬಿದ್ದು ನೋಂದಣಿಯಾದ ಪತ್ರವೊಂದೇ ಹಕ್ಕು ಕೊಡುತ್ತದೆ. ಸರಿಯಾದ ಮಾತೇ. ಆ ಪತ್ರ ಮಾಡಿಸಿಕೊಳ್ಳಲು ಸರ್ಕಾರವೇ ಬಿಡದಿದ್ದರೆ ಏನು ಮಾಡಬೇಕೆಂಬುದು ಬೇರೆ ಮೊಕದ್ದಮೆ.

ಈಗ ಚೆಕಿಂಗ್‌ನವನ ವಿಷಯ. ಉತ್ತರ ಪ್ರದೇಶದ ಮುದ್ರಾಂಕ ಕಾನೂನಿನಲ್ಲಿ ಒಂದು ಸೊಗಸಾದ ವಿವರಣೆ ಇದೆ. ಮಾರಾಟದ ಕರಾರು ಮಾಡಿಕೊಂಡು ಆಸ್ತಿಯ ಸ್ವಾಧೀನವನ್ನೂ ಕೊಟ್ಟುಬಿಟ್ಟರೆ ಅದನ್ನು ಕ್ರಯವೆಂದೇ ತಿಳಿಯತಕ್ಕದ್ದು, ಕ್ರಯದಷ್ಟೇ ಶುಲ್ಕ ಬೀಳತಕ್ಕದ್ದು. ಇದನ್ನು ಹಿಡಿದು ಮುದ್ರಾಂಕ ಇಲಾಖೆ, ರಿಜಿಸ್ಟ್ರಿ ಮಾಡಿಸದೆ ಮನೆ ಬಿಟ್ಟುಕೊಟ್ಟಿರಿ, ಖಜಾನೆಗೆ ನಷ್ಟವಾಯಿತು ಎಂದು ಬಿಲ್ಡರುಗಳಿಗೆ ನೋಟಿಸು ಕಳಿಸಿದ್ದುಂಟು. ಅಂದರೆ ಲಖನೌದ ಒಂದು ಇಲಾಖೆ ರಿಜಿಸ್ಟ್ರಿ ಯಾಕೆ ಮಾಡಿಸಿಲ್ಲ ಎಂದು ಗದರುತ್ತದೆ, ಅದೇ ಲಖನೌದ ಕೈಕೆಳಗಿನ ಪ್ರಾಧಿಕಾರ ರಿಜಿಸ್ಟ್ರಿ ಹೇಗೆ ಮಾಡಿಸುತ್ತೀರಿ ನೋಡುತ್ತೇನೆ ಎಂದು ಗದರುತ್ತದೆ. ಎತ್ತು ಏರಿಗೆ, ಕೋಣ ನೀರಿಗೆ. ಗೌಡರು ನೊಗದ ನಡುವೆ. ಶುಲ್ಕದ ಲೆಕ್ಕಕ್ಕೆ ಆತ ಮಾಲೀಕ, ಪತ್ರದ ಲೆಕ್ಕಕ್ಕೆ ಬರೀ ನಿವಾಸಿ.

ತಡವಾದದ್ದಕ್ಕೆ ದಂಡ ತೆತ್ತವನು ಯಾರು ಎಂದು ಕೇಳಿದರೆ ವ್ಯಂಗ್ಯ ಬರೆಯುವವನಿಗೆ ಕೆಲಸವೇ ಉಳಿಯುವುದಿಲ್ಲ. 2020ರ ಫೆಬ್ರವರಿಯವರೆಗೆ ಉತ್ತರ ಪ್ರದೇಶದಲ್ಲಿ ನೋಂದಣಿ ಶುಲ್ಕಕ್ಕೆ ಇಪ್ಪತ್ತು ಸಾವಿರ ರೂಪಾಯಿಯ ಮಿತಿ ಇತ್ತು. ಆಮೇಲೆ ಮಿತಿ ಹೋಗಿ ನೇರ ಶೇ 1 ಆಯಿತು. 2018ರಲ್ಲೇ ದುಡ್ಡು ಹಿಡಿದು ನಿಂತಿದ್ದ ನಮ್ಮ ಗೌಡರು ಎಂಬತ್ತು ಲಕ್ಷದ ಮನೆಗೆ ಇಪ್ಪತ್ತು ಸಾವಿರ ಕೊಟ್ಟು ಕೈತೊಳೆದುಕೊಳ್ಳಬೇಕಿತ್ತು. ಬಿಲ್ಡರು ಬಾಕಿ ಕಟ್ಟಲಿಲ್ಲ, ಪ್ರಾಧಿಕಾರ ಸಹಿ ಹಾಕಲಿಲ್ಲ, ಆದ್ದರಿಂದ ಗೌಡರು ಎಂಬತ್ತು ಸಾವಿರ ಕೊಡಬೇಕು. ತಪ್ಪು ಮಾಡಿದ ಇಬ್ಬರಿಗೂ ಇದರಲ್ಲಿ ಒಂದು ಕಾಸು ಖರ್ಚಿಲ್ಲ. ಮುದ್ರಾಂಕ ಶುಲ್ಕವೇನು ಕಮ್ಮಿಯೇ? ರಾಜ್ಯದಲ್ಲಿ ಜಾಗ ನೋಡಿ ಶೇ 5ರಿಂದ 7ರ ತನಕ. ಹೆಂಡತಿಯ ಹೆಸರಿಗೆ ಮಾಡಿಸಿದರೆ ಶೇ 1 ರಿಯಾಯಿತಿ ಉಂಟು. ಅದು ಹತ್ತು ಲಕ್ಷದೊಳಗಿನ ಆಸ್ತಿಗೆ ಮಾತ್ರ ಇತ್ತು. ಹತ್ತು ಲಕ್ಷಕ್ಕೆ ನೋಯ್ಡಾದಲ್ಲಿ ಕಾರು ನಿಲ್ಲಿಸುವ ಜಾಗಕ್ಕಿಂತ ದೊಡ್ಡದೇನೂ ಸಿಕ್ಕುವುದಿಲ್ಲವೆಂದು ಯಾರೋ ಹೇಳಿರಬೇಕು, 2025ರ ಜುಲೈನಲ್ಲಿ ಒಂದು ಕೋಟಿಯವರೆಗೆ ಏರಿಸಿದರು.

ಶುಲ್ಕ ಕಟ್ಟಿದವನೂ ನಿಶ್ಚಿಂತೆಯಿಂದ ಮಲಗುವಂತಿಲ್ಲ. ನಮ್ಮಲ್ಲಿ ಮಾರ್ಗಸೂಚಿ ಬೆಲೆ ಅನ್ನುವುದಕ್ಕೆ ಅಲ್ಲಿ ಸರ್ಕಲ್ ರೇಟು ಅನ್ನುತ್ತಾರೆ. ನಿಗದಿ ಮಾಡುವವರು ಜಿಲ್ಲಾಧಿಕಾರಿ. ಪತ್ರದಲ್ಲಿ ತೋರಿಸಿದ ಬೆಲೆ ಕಮ್ಮಿಯಾಯಿತು ಎಂದು ಜಿಲ್ಲಾಧಿಕಾರಿಗೆ ಅನುಮಾನ ಬಂದರೆ 1899ರ ಸ್ಟ್ಯಾಂಪ್ ಕಾಯ್ದೆಗೆ ಆ ರಾಜ್ಯ ಸೇರಿಸಿಕೊಂಡ 47-ಎ ಸೆಕ್ಷನ್ ಇದೆ. ನೋಂದಣಿಯಾದ ನಾಲ್ಕು ವರ್ಷದವರೆಗೆ ಕಡತ ಬಿಚ್ಚಬಹುದು. ಸರ್ಕಾರ ಅನುಮತಿ ಕೊಟ್ಟರೆ ಎಂಟು ವರ್ಷದವರೆಗೆ. ಕೊರತೆ ಬಿದ್ದ ಶುಲ್ಕಕ್ಕೆ ತಿಂಗಳಿಗೆ ಒಂದೂವರೆ ರೂಪಾಯಿ ಬಡ್ಡಿ. ವರ್ಷಕ್ಕೆ ಹದಿನೆಂಟಾಯಿತು. ನಮ್ಮ ಸಂತೆಯ ಮೀಟರ್ ಬಡ್ಡಿಯವರಿಗೆ ಹೋಲಿಸಿದರೆ ಕಮ್ಮಿಯೇ ಅನ್ನಿ. ಆದರೆ ಪ್ರಾಧಿಕಾರಕ್ಕೆ ಬಿಲ್ಡರುಗಳು ಕೊಡಬೇಕಾದ ಬಡ್ಡಿಯನ್ನು 2020ರ ಜೂನಿನಲ್ಲಿ ಸುಪ್ರೀಂ ಕೋರ್ಟು ಶೇ 8ಕ್ಕೆ ಮಿತಿಗೊಳಿಸಿತ್ತು. ಅದನ್ನು ಹಿಂತೆಗೆದುಕೊಂಡದ್ದು 2022ರ ನವೆಂಬರ್ 7ರಂದು. ಎರಡು ವರ್ಷಕ್ಕೂ ಮಿಕ್ಕಿ, ಕೋಟಿಗಟ್ಟಲೆ ಇಟ್ಟುಕೊಂಡವನಿಗೆ ಎಂಟು, ಸಾವಿರಗಟ್ಟಲೆ ಕಮ್ಮಿ ಬಿದ್ದವನಿಗೆ ಹದಿನೆಂಟು. ಮುದ್ರಾಂಕದ ಮೊಕದ್ದಮೆಗಳು ಕೊಳೆತು ಗುಡ್ಡೆಯಾದ ಮೇಲೆ, ಕೊರತೆಯನ್ನೂ ಬಡ್ಡಿಯನ್ನೂ ಕಟ್ಟಿ, ದಂಡಕ್ಕೆ ನೂರು ರೂಪಾಯಿ ಇಟ್ಟು ಮನೆಗೆ ಹೋಗಿ ಎಂಬ ರಾಜಿ ಯೋಜನೆಯನ್ನೂ ತಂದರು. ಅದರ ಗಡುವು 2025ರ ಮಾರ್ಚ್ 31ಕ್ಕೆ ಮುಗಿಯಿತು.

ಅದೇ ಮಾರ್ಚಿನಲ್ಲಿ ಇನ್ನೊಂದು ಕೆಲಸವೂ ಆಯಿತು. ಹತ್ತು ಸಾವಿರದಿಂದ ಇಪ್ಪತ್ತೈದು ಸಾವಿರ ರೂಪಾಯಿ ಮುಖಬೆಲೆಯ ಛಾಪಾಕಾಗದಗಳನ್ನು ಉತ್ತರ ಪ್ರದೇಶ ಸರ್ಕಾರ ಚಲಾವಣೆಯಿಂದ ತೆಗೆಯಿತು. ಖಜಾನೆಗಳಲ್ಲಿ ಸಂಗ್ರಹವಿದ್ದ ಅವುಗಳ ಬೆಲೆ 5,630 ಕೋಟಿ ರೂಪಾಯಿ. ಅವುಗಳ ಜಾಗಕ್ಕೆ ಇ-ಸ್ಟ್ಯಾಂಪು. ಸುದ್ದಿ ಓದಿದಾಗ ನಮ್ಮ ಖಾನಾಪುರದ ಮಹಾನುಭಾವ ನೆನಪಾಗದೆ ಇರಲಿಲ್ಲ. ನಕಲಿ ಛಾಪಾಕಾಗದ ಮಾರಿದ ಬೆಳಗಾವಿ ಜಿಲ್ಲೆಯ ಅಬ್ದುಲ್ ಕರೀಂ ತೆಲಗಿ ಸಿಕ್ಕಿಬಿದ್ದದ್ದು 2001ರಲ್ಲಿ. ಈ ಇಲಾಖೆಯ ಸರಕು ಜನ ಕೇಳಿಕೊಂಡು ಬರುವಂಥದ್ದಲ್ಲ, ಕಾನೂನೇ ಕೊಳ್ಳಿಸುವಂಥದ್ದು, ಆದ್ದರಿಂದ ವ್ಯಾಪಾರ ಎಂದೂ ಬಿದ್ದುಹೋಗುವುದಿಲ್ಲ ಎಂಬ ಅರ್ಥಶಾಸ್ತ್ರವನ್ನು ಅವನಷ್ಟು ಚೆನ್ನಾಗಿ ಯಾವ ಹಣಕಾಸು ಮಂತ್ರಿಯೂ ಅರಗಿಸಿಕೊಂಡಿರಲಿಲ್ಲ. 2007ರಲ್ಲಿ 30 ವರ್ಷ ಕಠಿಣ ಸಜೆ, 202 ಕೋಟಿ ರೂಪಾಯಿ ದಂಡ ಬಿತ್ತು. 2017ರ ಅಕ್ಟೋಬರಿನಲ್ಲಿ ಬೆಂಗಳೂರಿನ ವಿಕ್ಟೋರಿಯಾ ಆಸ್ಪತ್ರೆಯಲ್ಲಿ ಸತ್ತ. ಅವನ ಕಾಲದಲ್ಲಿ ಸ್ಟ್ಯಾಂಪು ನಕಲಿ, ರಿಜಿಸ್ಟ್ರಿ ಸಲೀಸು. ಈಗ ಸ್ಟ್ಯಾಂಪು ಅಸಲಿ, ಕಂಪ್ಯೂಟರಿನಿಂದ ಗರಿಗರಿಯಾಗಿ ಹೊರಬರುತ್ತದೆ, ಅಂಟಿಸಲು ಪತ್ರವಿಲ್ಲ.

ಬಿಲ್ಡರುಗಳ ಕಥೆಯನ್ನೇನು ಹೇಳುವುದು. ಆಮ್ರಪಾಲಿ ಹೆಸರು ಎಲ್ಲರಿಗೂ ಗೊತ್ತು. ಧೋನಿ ಜಾಹೀರಾತಿನಲ್ಲಿ ನಿಂತಿದ್ದ ಕಂಪನಿ. ಸುಪ್ರೀಂ ಕೋರ್ಟು ನೇಮಿಸಿದ ಲೆಕ್ಕಪರಿಶೋಧಕರು ಪುಸ್ತಕ ತೆರೆದಾಗ, ಫ್ಲ್ಯಾಟುಗಳನ್ನು ಚದರಡಿಗೆ 1 ರೂಪಾಯಿ, 5 ರೂಪಾಯಿ, 11 ರೂಪಾಯಿಗೆ ಬುಕ್ ಮಾಡಿದ್ದು ಕಂಡಿತು. ಮುಯ್ಯಿ ಬರೆಸುವ ಹಾಗೆ ಹನ್ನೊಂದು! ಆಫೀಸಿನ ಜವಾನರು, ಡ್ರೈವರುಗಳ ಹೆಸರಿನಲ್ಲಿ ಕಂಪನಿಗಳಿದ್ದವು. ಚದರಡಿಗೆ ಸಾವಿರಗಟ್ಟಲೆ ಕೊಟ್ಟ ನಲವತ್ತೆರಡು ಸಾವಿರಕ್ಕೂ ಹೆಚ್ಚು ಮಂದಿ ಕೋರ್ಟಿನ ಮೆಟ್ಟಿಲ ಮೇಲಿದ್ದರು. 2019ರ ಜುಲೈ 23ರಂದು ನ್ಯಾಯಮೂರ್ತಿಗಳಾದ ಅರುಣ್ ಮಿಶ್ರಾ ಮತ್ತು ಯು.ಯು. ಲಲಿತ್ ಕೊಟ್ಟ ತೀರ್ಪು ಈ ಇಡೀ ರಗಳೆಯಲ್ಲಿ ನೆಟ್ಟಗೆ ಮಾತಾಡಿದ ಒಂದೇ ಕಾಗದ ಎಂದು ನನ್ನ ಎಣಿಕೆ: ಬಿಲ್ಡರಿನ ಬಾಕಿಯನ್ನು ಪ್ರಾಧಿಕಾರ ಬಿಲ್ಡರಿನ ಬೇರೆ ಆಸ್ತಿಯಿಂದ ವಸೂಲಿ ಮಾಡಿಕೊಳ್ಳಲಿ, ಮನೆ ಕೊಂಡವರ ಕುತ್ತಿಗೆ ಹಿಡಿಯಬಾರದು, ವಾಸವಿರುವವರಿಗೆ ಪತ್ರ ಮಾಡಿಕೊಡಿ, ಉಳಿದ ಮನೆಗಳನ್ನು ಕೇಂದ್ರದ ನಿರ್ಮಾಣ ಸಂಸ್ಥೆ ಎನ್‌ಬಿಸಿಸಿ ಕಟ್ಟಲಿ. ಇಷ್ಟು ಸರಳ ವಿಷಯ ಹೊಳೆಯಲು ದೇಶದ ಅತ್ಯುನ್ನತ ನ್ಯಾಯಾಲಯ ಬೇಕಾಯಿತು. ಅದೂ ಆಮ್ರಪಾಲಿಗೆ ಮಾತ್ರ ಅನ್ವಯ. ಪಕ್ಕದ ಬಿಲ್ಡರಿನ ಗಿರಾಕಿಗಳು ಪಕ್ಕದಲ್ಲೇ ನಿಂತರು.

ಅದೇ ಊರಿನ ಸೆಕ್ಟರ್ 93-ಎನಲ್ಲಿ ಕುತುಬ್ ಮಿನಾರಿಗಿಂತ ಎತ್ತರದ ಎರಡು ಅಕ್ರಮ ಗೋಪುರಗಳು ಪ್ರಾಧಿಕಾರದ ಮಂಜೂರಾತಿಯಿಂದಲೇ ಎದ್ದಿದ್ದವು. ಸೂಪರ್‌ಟೆಕ್‌ನ ಆ ಜೋಡಿ ಗೋಪುರಗಳನ್ನು 2022ರ ಆಗಸ್ಟ್ 28ರಂದು 3,700 ಕೆಜಿ ಸ್ಫೋಟಕ ಇಟ್ಟು ಕೆಡವಿದರು. ಕೆಲವೇ ಸೆಕೆಂಡಿನಲ್ಲಿ ಮುಗಿಯಿತು. ಟೀವಿಯವರು ಎಣಿಕೆ ಹಾಕಿ ತೋರಿಸಿದರು. ನೋಯ್ಡಾದಲ್ಲಿ ಹೇಳಿದ ಗಳಿಗೆಗೆ ಸರಿಯಾಗಿ ನಡೆದ ಕಟ್ಟಡದ ಕೆಲಸ ನನಗೆ ನೆನಪಿರುವುದು ಅದೊಂದೇ.

ಲಖನೌದವರಿಗೆ ಇದೆಲ್ಲ ಕಾಣಲಿಲ್ಲವೇ ಎಂದರೆ, ಅವರು ಬಂದಿದ್ದರೆ ತಾನೆ? ಕನ್ನಡಿಗರಿಗೆ ಇದನ್ನು ವಿವರಿಸುವ ಅಗತ್ಯವಿಲ್ಲ, ನಮಗೆ ಚಾಮರಾಜನಗರ ಗೊತ್ತು. ಅಲ್ಲಿಗೆ ಕಾಲಿಟ್ಟ ಮುಖ್ಯಮಂತ್ರಿ ಕುರ್ಚಿ ಕಳೆದುಕೊಳ್ಳುತ್ತಾನೆ ಎಂಬ ನಂಬಿಕೆಯ ತಮ್ಮನೇ ನೋಯ್ಡಾದ ನಂಬಿಕೆ. 1988ರಲ್ಲಿ ವೀರ್ ಬಹಾದುರ್ ಸಿಂಗ್ ನೋಯ್ಡಾಕ್ಕೆ ಹೋಗಿಬಂದ ಬೆನ್ನಿಗೇ ಪದವಿ ಹೋಯಿತಂತೆ, ಅಲ್ಲಿಂದ ಶುರು. ಮಾಯಾವತಿ 2011ರಲ್ಲಿ ಹೋದರು, 2012ರಲ್ಲಿ ಸೋತರು. ಅಖಿಲೇಶ್ ಯಾದವ್ ಆ ಕಡೆ ತಲೆ ಹಾಕದೆ, ಯಮುನಾ ಎಕ್ಸ್‌ಪ್ರೆಸ್ ಹೆದ್ದಾರಿಯನ್ನೂ ಲಖನೌದಲ್ಲೇ ಕೂತು ಉದ್ಘಾಟಿಸಿದರು, ಆದರೂ 2017ರಲ್ಲಿ ಸೋತರು. ಯೋಗಿ ಆದಿತ್ಯನಾಥರು 2017ರ ಡಿಸೆಂಬರಿನಲ್ಲಿ ಹೋದರು, 2022ರಲ್ಲಿ ಮತ್ತೆ ಗೆದ್ದರು. ನಮ್ಮಲ್ಲಿ ಸಿದ್ದರಾಮಯ್ಯನವರು ಚಾಮರಾಜನಗರಕ್ಕೆ ಮತ್ತೆ ಮತ್ತೆ ಹೋಗಿ ಐದು ವರ್ಷ ಪೂರೈಸಿದರು. ಶಾಪ ಎರಡೂ ಕಡೆ ಈ ಇಬ್ಬರು ಮುಖ್ಯಮಂತ್ರಿಗಳಿಗೆ ತಟ್ಟಲಿಲ್ಲ. ನೋಯ್ಡಾದ್ದು ಅಲ್ಲಿ ಮನೆ ಕೊಂಡವರಿಗೆ ತಟ್ಟಿತು.

ಬೆಂಗಳೂರಿನವರು ಇಷ್ಟು ಓದಿ ಮೀಸೆ ತಿರುವಬೇಕಾಗಿಲ್ಲ. ನಮ್ಮ ‘ಬಿ’ ಖಾತೆ ಇನ್ನೇನು? ತೆರಿಗೆ ಕಟ್ಟಿ, ರಸೀದಿ ತಗೊಳ್ಳಿ, ಆದರೆ ನಿಮ್ಮ ಮನೆ ಸಕ್ರಮ ಎಂದು ಮಾತ್ರ ತಿಳಿಯಬೇಡಿ ಎನ್ನುವ ಖಾತೆ ಅದು. ಕಾವೇರಿ ತಂತ್ರಾಂಶ ಕೈಕೊಟ್ಟ ದಿನ ಮುಹೂರ್ತ ನೋಡಿಸಿ ಬಂದ ಅಜ್ಜ ಅಜ್ಜಿಯರು ಉಪನೋಂದಣಿ ಕಚೇರಿಯ ಬೆಂಚಿನ ಮೇಲೆ ರಾಹುಕಾಲ, ಗುಳಿಕಕಾಲ ಎಲ್ಲ ಕಳೆಯುತ್ತಾರೆ. 2025ರ ಆಗಸ್ಟ್ 31ರಿಂದ ನೋಂದಣಿ ಶುಲ್ಕವೂ ಶೇ 1ರಿಂದ 2ಕ್ಕೆ ಏರಿತು. ಆದರೂ ಒಂದು ವ್ಯತ್ಯಾಸವನ್ನು ಒಪ್ಪಬೇಕು. ಕರ್ನಾಟಕ ದುಡ್ಡು ತಗೊಂಡು ಗೋಳು ಹೊಯ್ದುಕೊಳ್ಳುತ್ತದೆ. ನೋಯ್ಡಾ ದುಡ್ಡನ್ನೂ ತಗೊಳ್ಳದೆ ಹೊಯ್ದುಕೊಂಡಿತು.

ಕೊನೆಗೂ ಕೇಂದ್ರ ಸರ್ಕಾರ ಎಚ್ಚೆತ್ತು 2023ರ ಮಾರ್ಚಿನಲ್ಲಿ ಅಮಿತಾಭ್ ಕಾಂತ್ ಅಧ್ಯಕ್ಷತೆಯಲ್ಲಿ ಸಮಿತಿ ಮಾಡಿತು. ದೇಶದಲ್ಲಿ ಸಿಕ್ಕಿಹಾಕಿಕೊಂಡ ಮನೆಗಳು 4.12 ಲಕ್ಷ, ಅದರಲ್ಲಿ ದೆಹಲಿ ಸುತ್ತಲಿನವೇ 2.40 ಲಕ್ಷ ಎಂದು ಸಮಿತಿಯ ವರದಿ ಹೇಳಿತು. ಆ ವರದಿ ಆಧರಿಸಿ 2023ರ ಡಿಸೆಂಬರಿನಲ್ಲಿ ಉತ್ತರ ಪ್ರದೇಶದ ಸಂಪುಟ ಪ್ಯಾಕೇಜು ಒಪ್ಪಿತು. ಕೊರೊನಾ ಕಾಲದ ಎರಡು ವರ್ಷ, 2020ರ ಏಪ್ರಿಲ್‌ನಿಂದ 2022ರ ಮಾರ್ಚ್‌ವರೆಗೆ, ಬಿಲ್ಡರಿಗೆ ‘ಶೂನ್ಯ ಅವಧಿ’, ಬಡ್ಡಿಯಿಲ್ಲ. ಓಖ್ಲಾ ಪಕ್ಷಿಧಾಮದ ಸುತ್ತ ಹಸಿರು ನ್ಯಾಯಮಂಡಳಿ ಕಾಮಗಾರಿ ತಡೆದಿದ್ದ ಕಾಲಕ್ಕೂ ಪ್ರಕರಣ ನೋಡಿ ವಿನಾಯಿತಿ. ಹೀಗೆ ಇಳಿಸಿದ ಬಾಕಿಯಲ್ಲಿ ಮೊದಲು ಶೇ 25 ಕಟ್ಟಿದರೆ ಸಾಕು, ರಿಜಿಸ್ಟ್ರಿಯ ಬಾಗಿಲು ತೆರೆಯುತ್ತದೆ. 2024ರ ಮಾರ್ಚಿನಲ್ಲಿ ಸೊಸೈಟಿಯ ಅಂಗಳಕ್ಕೇ ಅಧಿಕಾರಿಗಳು ಬಂದು ಶಾಮಿಯಾನ ಹಾಕಿ, ಹತ್ತು ವರ್ಷ ಕಾದವರ ಕೈಗೆ ಪತ್ರ ಕೊಟ್ಟು ಫೋಟೋ ತೆಗೆಸಿಕೊಂಡರು. ಕೊಟ್ಟವರ ಮುಖದಲ್ಲಿ ಕನ್ಯಾದಾನ ಮಾಡಿದ ಧನ್ಯತೆ ಇತ್ತು.

ಕೊರೊನಾ ಕಾಲದಲ್ಲಿ ಗೌಡರ ಸಾಲದ ಬಡ್ಡಿಗೆ ಶೂನ್ಯ ಅವಧಿ ಇತ್ತೇ? ಕೆಲವು ತಿಂಗಳು ಕಂತು ಮುಂದೂಡಲು ಬಿಟ್ಟರು, ಬಡ್ಡಿ ಬೆಳೆಯುತ್ತಲೇ ಇತ್ತು. ಪಕ್ಷಿಗಳ ಲೆಕ್ಕದಲ್ಲಿ ಆತನಿಗೆ ಬಾಡಿಗೆ ಮನೆಯ ಓನರು ಏನಾದರೂ ಬಿಟ್ಟರೇ? ಬೇರೆಯವರ ಬಾಕಿಯ ಕಾಲುಭಾಗ ಬಂದ ಮೇಲೆ ತನ್ನ ಮನೆಗೆ ತಾನು ಶುಲ್ಕ ಕಟ್ಟುವ ಭಾಗ್ಯ ಪಡೆದ ಆತನನ್ನು ‘ಫಲಾನುಭವಿ’ ಎಂದು ಕರೆದರು. ಆ ಕಾಲುಭಾಗವನ್ನೂ ಕಟ್ಟದ ಬಿಲ್ಡರುಗಳ ಗಿರಾಕಿಗಳಿಗೆ ಆ ಬಿರುದೂ ದಕ್ಕಲಿಲ್ಲ. ಸಮಿತಿ ಬೇಕಿರಲಿಲ್ಲ, ಪ್ಯಾಕೇಜೂ ಬೇಕಿರಲಿಲ್ಲ. ಬಾಕಿ ಬಿಲ್ಡರಿನದು, ಮನೆ ಗಿರಾಕಿಯದು, ಇವೆರಡನ್ನೂ ಒಂದೇ ಹಗ್ಗದಲ್ಲಿ ಕಟ್ಟಬೇಡಿ ಎಂದು 2019ರಲ್ಲೇ ಕೋರ್ಟು ಹೇಳಿದ್ದನ್ನು ಎಲ್ಲ ಸೊಸೈಟಿಗೂ ಅನ್ವಯಿಸಿ ಒಂದು ಆದೇಶ ಹೊರಡಿಸಿದ್ದರೆ ಮುಗಿಯುತ್ತಿತ್ತು. ಆದರೆ ಗಿರಾಕಿಯನ್ನು ಒತ್ತೆ ಇಟ್ಟುಕೊಂಡರೆ ಬಿಲ್ಡರು ಬಗ್ಗುತ್ತಾನೆ ಎಂಬುದು ಪ್ರಾಧಿಕಾರದ ತಂತ್ರ. ಒತ್ತೆ ಬಿದ್ದವನಿಗಾಗಿ ಬಿಲ್ಡರು ಯಾಕೆ ಅಳುತ್ತಾನೆ? ಅವನಿಗೆ ಬರಬೇಕಾದ ದುಡ್ಡು ಬಂದಾಗಿದೆ.

ನಿಮ್ಮ ಮಗನೋ ಅಳಿಯನೋ ನೋಯ್ಡಾದಲ್ಲಿ ಮನೆ ಕೊಳ್ಳಲು ಹೊರಟಿದ್ದರೆ ಈಜುಕೊಳ ಎಷ್ಟು ಆಳ ಎಂದು ಆಮೇಲೆ ಕೇಳಲಿ. ಮೊದಲು ಪ್ರಾಧಿಕಾರಕ್ಕೆ ಬಿಲ್ಡರಿನ ಬಾಕಿ ಎಷ್ಟು, ಓಸಿ ಬಂದಿದೆಯೇ, ಅದೇ ಕಟ್ಟಡದಲ್ಲಿ ಈಗಾಗಲೇ ಯಾರಿಗಾದರೂ ರಿಜಿಸ್ಟ್ರಿ ಆಗಿದೆಯೇ ಎಂದು ಕೇಳಿ, ಕಾಗದ ನೋಡಲಿ. ಇನ್ನೂ ಕಟ್ಟುತ್ತಿರುವ ಮನೆಯಾದರೆ, ನೋಂದಾಯಿತ ಕರಾರು ಇಲ್ಲದೆ ಶೇ 10ಕ್ಕಿಂತ ಒಂದು ರೂಪಾಯಿ ಹೆಚ್ಚು ಕೊಡಬಾರದು. ರೇರಾ ಕಾಯ್ದೆಯ 13ನೇ ಸೆಕ್ಷನ್ ಅವನ ಪರವಾಗಿದೆ. ಬಿಲ್ಡರು ಅದಕ್ಕೆ ಉತ್ತರ ಕೊಡದೆ, ಬಾಲ್ಕನಿಯಿಂದ ಯಮುನೆ ಕಾಣುತ್ತಾಳೆ ಎಂದು ಮಾತು ತಿರುಗಿಸಿದರೆ, ಕೊಟ್ಟ ಕಾಫಿ ಕುಡಿದು ಎದ್ದು ಬರಲಿ. ಕಾಫಿಗೆ ಇನ್ನೂ ಸ್ಟ್ಯಾಂಪು ಹಾಕಿಲ್ಲ.